ನೀಲಿ ಪರದೆಯ ಮೇಷ್ಟ್ರು

ಆಗ ನನಗೆ ಐವತ್ತೆರಡು. ಇಪ್ಪತ್ತೈದು ವರ್ಷದ ಮೇಲಾಯಿತು. ಕಂಪ್ಯೂಟರ್ ಮೇಷ್ಟ್ರು ಎಂದರೆ ಇವತ್ತಿಗೂ ಕಣ್ಣಿಗೆ ಬರುವುದು ಅವರ ದಪ್ಪ ಕನ್ನಡಕ. ಎರಡು ಗಾಜಿನಲ್ಲೂ ಒಂದೊಂದು ನೀಲಿ ಚೌಕ. ಹಿಂದಿನ ಕಣ್ಣು ಕಾಣುತ್ತಲೇ ಇರಲಿಲ್ಲ.

ಶಿಕಾರಿಪುರದ ಬಸ್ ಸ್ಟ್ಯಾಂಡ್ ಹತ್ತಿರ, ಮಹಡಿ ಮೇಲಿನ ಕಂಪ್ಯೂಟರ್ ಕ್ಲಾಸಿನಲ್ಲಿ ನಾನು ಕಸ ಗುಡಿಸುತ್ತಿದ್ದೆ. ಅವರು ಸೊರಬದಿಂದ ಮೊದಲ ಬಸ್ಸಿಗೆ ಬರುವವರು. ಬಾಗಿಲ ಮುಂದೆ ನಾನು ಹಾಕಿದ ರಂಗೋಲಿ ತುಳಿಯದೆ, ಗೋಡೆ ಹಿಡಿದು ಪಕ್ಕದಿಂದ ಒಳಗೆ ಬಂದು ಕಂಪ್ಯೂಟರಿನ ನೀಲಿ ಪರದೆ ಮುಂದೆ ಕೂರುವರು. ಕಂಪ್ಯೂಟರು ಏನು ಮಾಡಬೇಕೋ ಅದನ್ನು ಅದರಲ್ಲಿ ಬರೆಯುವುದು, ಅಲ್ಲೇ ಓಡಿಸಿ ನೋಡುವುದು. ಹೆಸರು ಬರೆಯಲಷ್ಟೇ ಬರುವ ನನಗೆ ತಿಳಿದದ್ದು ಅಷ್ಟು.

ಮಾಲೀಕರು ಬಣ್ಣದ ಚಿತ್ರ ಬರುವ ಹೊಸ ಕಂಪ್ಯೂಟರು ತರಿಸಿದರು. ಕಲಿಯಲು ಬಂದವರೆಲ್ಲ ಅದಕ್ಕೇ ಮುಗಿಬಿದ್ದರು. ಮೇಷ್ಟ್ರು ಮಾತ್ರ ಮೂಲೆಯ ಹಳೆಯದನ್ನು ಬಿಡಲಿಲ್ಲ. ನಾನೇ ಕೇಳಿದೆ:

"ಏನ್ರೀ ಮೇಷ್ಟ್ರೇ, ಹಳೇ ಹೆಂಡ್ತಿ ಥರ ಅದನ್ನ ಕಟ್ಕಂಡು ಕುಂತೀರಿ?"

"ಹೊಸದು ಬಾಳ ಮಾತಾಡ್ತದಮ್ಮ. ಇದು ಸುಮ್ನಿರ್ತದೆ. ತಪ್ಪಿದ್ರೆ ಬೈಯಲ್ಲ, ತಪ್ಪಿದ ಸಾಲಿಗೇ ಕರ್ಕೊಂಡು ಹೋಗಿ ನಿಲ್ಲಿಸ್ತದೆ."

ಹಳೆಯದನ್ನು ಗುಜರಿಗೆ ಹಾಕುವುದೆಂದು ಗೊತ್ತಾದ ಮೇಲೆ ಅವರಿಗೆ ಒಂದೇ ಹಟ. ನನ್ನ ರಂಗೋಲಿ ಅದರಲ್ಲಿ ಮೂಡಬೇಕು. ನಾನು ಚುಕ್ಕಿಯ ಸಾಲು ಹೇಳುವುದು, ಅವರು ಎರಡೇ ಬೆರಳಲ್ಲಿ ಕುಟ್ಟುವುದು. ಮೆಟ್ಟಿಲು ಹತ್ತುವಾಗ ಎದೆ ಹಿಡಿದು ನಡುವೆಯೇ ಕೂತುಬಿಡುತ್ತಿದ್ದರು.

"ಡಾಕ್ಟ್ರಿಗೆ ತೋರಿಸ್ರಿ ಮೊದ್ಲು."

"ನಿಮ್ ರಂಗೋಲಿ ಮುಗೀಲಿ ತಡೀರಿ."

ಗುಜರಿಯವನು ಬರುವ ಹಿಂದಿನ ಸಂಜೆ ನನ್ನನ್ನು ಕರೆದು ಗುಂಡಿ ಒತ್ತಿದರು. ನನ್ನ ಚುಕ್ಕಿಗಳೆಲ್ಲ ಬೆಳ್ಳಗೆ ಮೂಡಿ ನಿಂತವು.

"ಗೆರೆ ಎಲ್ಲೈತ್ರೀ?"

"ನಾಳೆ ಬೇಗ ಬರ್ತೀನಿ. ಅವ್ನು ಬರೋದ್ರೊಳಗೆ ಎಳೆದುಬಿಡ್ತೀನಿ."

ಮೊದಲ ಬಸ್ಸು ಬಂತು, ಅವರು ಬರಲಿಲ್ಲ. ಎರಡನೆಯ ಬಸ್ಸಿನವರು ಸುದ್ದಿ ತಂದರು. ಮಲಗಿದವರು ಏಳಲಿಲ್ಲವಂತೆ. ಅಷ್ಟರಲ್ಲಿ ಗುಜರಿ ಗಾಡಿಯೂ ಬಂತು. ನಾನು ಮೆಟ್ಟಿಲಿಗೆ ಅಡ್ಡ ನಿಂತೆ.

"ಅದ್ರಾಗೆ ಮೇಷ್ಟ್ರು ಬರೆದದ್ದೈತ್ರೀ."

ಮಾಲೀಕರು ಕೆಟ್ಟವರಲ್ಲ. ಮೆಲ್ಲಗೇ ಕೇಳಿದರು: "ಮುಗ್ಸೋರು ಯಾರಿದಾರಮ್ಮ?"

ಬದಿಗೆ ಸರಿದೆ.

ಮರುದಿನ ಬೆಳಿಗ್ಗೆ ಗುಡಿಸಿ, ನೀರು ಚಿಮುಕಿಸಿ, ಬಾಗಿಲ ಮುಂದೆ ಚುಕ್ಕಿ ಇಟ್ಟೆ. ಗೆರೆ ಎಳೆಯಲಿಲ್ಲ.