ಓಟು ಕೇಳಲು ಬಂದ ನ್ಯಾಯಮೂರ್ತಿ

ಆ ಭಾನುವಾರ ಅಮೆರಿಕದ ಅಲೆನ್ ಊರಿನ ನಮ್ಮ ಮನೆಯಲ್ಲಿ ಬಿಸಿಬೇಳೆಬಾತಿನ ಪಾತ್ರೆಯ ಪಕ್ಕದಲ್ಲೇ ಒಂದು ಕಟ್ಟು ಚುನಾವಣಾ ಕರಪತ್ರ ಕೂತಿತ್ತು. ಅದರ ಮೇಲೆ ನಗುತ್ತಿದ್ದವರು ಟೆಕ್ಸಸ್ ರಾಜ್ಯದ ಸುಪ್ರೀಂ ಕೋರ್ಟಿನ ನ್ಯಾಯಮೂರ್ತಿ! ಇಲ್ಲಿ ನ್ಯಾಯಮೂರ್ತಿಗಳೂ ಜನರ ಹತ್ತಿರ ಓಟು ಕೇಳಬೇಕೆಂಬ ಸಂಗತಿ, ಇಷ್ಟು ವರ್ಷ ಇಲ್ಲೇ ಡಾಕ್ಟರಾಗಿದ್ದು ನಿವೃತ್ತನಾದ ಮೇಲೂ, ನನಗೆ ಜೀರ್ಣವಾಗಿಲ್ಲ ನೋಡಿ. ಮೈಸೂರಿನ ನಮ್ಮ ಬೀದಿಯ ಜಡ್ಜ್ ಸಾಹೇಬರು ಮದುವೆಮನೆಯಲ್ಲಿ ಅಕ್ಷತೆ ಹಾಕಿ, ಪಂಕ್ತಿಗೆ ಕೂರದೆ ಹೊರಟುಬಿಡುತ್ತಿದ್ದರು. ಈಕೆಯೋ, ನಮ್ಮ ಗೆಳೆಯರ ಗುಂಪು ಕರೆದದ್ದೇ ತಡ, ಆಸ್ಟಿನ್ನಿನಿಂದ ಡ್ರೈವ್ ಮಾಡಿಕೊಂಡು ಬಂದು, ಹಪ್ಪಳ ಮುರಿಯುತ್ತಾ ತಮ್ಮ ಕಥೆ ಹೇಳಿದರು: ಹ್ಯೂಸ್ಟನ್ನಿನಲ್ಲಿ ವಕೀಲಿಕೆ, ಅಲ್ಲೇ ಕೆಳಗಿನ ಕೋರ್ಟಿನಲ್ಲಿ ಬಹಳ ವರ್ಷ, ಆಮೇಲೆ ಆಸ್ಟಿನ್ನಿನ ಸುಪ್ರೀಂ ಕೋರ್ಟಿನ ಒಂಬತ್ತು ಕುರ್ಚಿಗಳಲ್ಲೊಂದು. ಒಂದು ಮೊಕದ್ದಮೆಯನ್ನು ವಿಚಾರಣೆಗೆ ತೆಗೆದುಕೊಳ್ಳುವುದಕ್ಕೇ ಆ ಒಂಬತ್ತರಲ್ಲಿ ನಾಲ್ವರಾದರೂ ಹೂಂ ಎನ್ನಬೇಕಂತೆ.

ನನ್ನ ಬುದ್ಧಿಗೆ ಆಗ ಅದೇನು ಮಂಕು ಕವಿದಿತ್ತೋ! ಧಾರವಾಡದ ನಿವೃತ್ತ ಎಂಜಿನಿಯರ್, ನನ್ನ ಗೆಳೆಯ ಶ್ರೀಪತಿಯವರ ಇಲ್ಲಿನ ಹೊಸ ಮನೆ ತಳಪಾಯದಿಂದಲೇ ಬಿರುಕುಬಿಟ್ಟಿತ್ತು. ಕಟ್ಟಿದವರ ಮೇಲೆ ದಾವೆ ಹೂಡಿ, ಕೆಳಗೆಲ್ಲ ಸೋತು, ಕೊನೆಯ ಅರ್ಜಿಯನ್ನು ಇದೇ ಸುಪ್ರೀಂ ಕೋರ್ಟಿಗೆ ಹಾಕಿ ಕಾಯುತ್ತಿದ್ದರು. "ಕೇಸ್ ಇದ್ದಾಗ ಜಡ್ಜರ ಜೋಡಿ ಊಟಕ್ಕ ಕೂಡಬಾರದ್ರಿ" ಎಂದು ಅವರು ಅಂದು ಬರಲೇ ಇಲ್ಲ. ಅದೆಲ್ಲ ಅತಿಯಾಯಿತೆಂದು ನನಗನಿಸಿತ್ತು. ಓಟು ಕೇಳುವವರು ನಮ್ಮೂರ ಎಮ್ಮೆಲ್ಲೆಯ ಹಾಗೆ ಅಹವಾಲನ್ನೂ ಕೇಳುತ್ತಾರೆ ತಾನೆ? ಬಾತು ಬಡಿಸುತ್ತಲೇ ಶ್ರೀಪತಿಯವರ ಹೆಸರೆತ್ತಿ, ಕೇಸು ಹೇಳಿ, ಸ್ವಲ್ಪ ನೋಡಿಕೊಳ್ಳಿ ಎಂದುಬಿಟ್ಟೆ.

ಆಕೆ ಚಮಚ ಕೆಳಗಿಟ್ಟರು. "ಡಾಕ್ಟರ್, ದಯವಿಟ್ಟು ನಿಲ್ಲಿಸಿ" ಎಂದರು ಇಂಗ್ಲಿಷಿನಲ್ಲಿ. "ಇದು ನನ್ನ ಕಿವಿಗೆ ಬಿತ್ತಲ್ಲ, ಇನ್ನು ಆ ಕಡತವನ್ನು ನಾನು ಮುಟ್ಟುವ ಹಾಗಿಲ್ಲ."

ನಾಚಿಕೆಯಿಂದ ಕುಗ್ಗಿಹೋದೆ. ಆದರೂ ಕುತೂಹಲವೆಂಬುದು ಬಿಡುತ್ತದೆಯೇ? ಮೈಸೂರಿನ ಸಾಹೇಬರಿಗೆ ಪಂಕ್ತಿ ತಪ್ಪಿಸಿದರೆ ಸಾಕಿತ್ತು. ಈಕೆ ಪಂಕ್ತಿಯಲ್ಲಿ ಕೂತು, ಕೈಕುಲುಕಿ, ಓಟು ಕೇಳಿಯೂ ಅಷ್ಟೇ ಅಂತರ ಕಾಯ್ದುಕೊಳ್ಳಬೇಕು. ಒಂದೇ ಮನಸ್ಸು ಇವೆರಡನ್ನೂ ಹೇಗೆ ನಿಭಾಯಿಸುತ್ತದೆಯೋ, ನನಗಂತೂ ತಿಳಿಯದು.

ಚುನಾವಣೆಗೆ ವಾರವಿದ್ದಾಗ ಶ್ರೀಪತಿಯವರ ಫೋನು ಬಂತು. ಅರ್ಜಿ ತಿರಸ್ಕೃತವಾಗಿತ್ತು.

"ಎಷ್ಟು ಮಂದಿ ಹೂಂ ಅಂದ್ರು ಅಂತ ಬರದಿಲ್ರಿ. ನಿಮ್ಮ ಮನಿಗೆ ಊಟಕ್ಕ ಬಂದಿದ್ದ ನ್ಯಾಯಮೂರ್ತಿಗಳು ಮಾತ್ರ ಈ ತೀರ್ಮಾನದಾಗ ಭಾಗವಹಿಸಿಲ್ಲ ಅಂತ ಐತಿ. ಯಾಕಿರಬಹುದ್ರಿ?"

ಸುಮ್ಮನಿರಬಹುದಿತ್ತು. ಮೂವರು ಒಪ್ಪಿ, ನಾಲ್ಕನೆಯವರು ಆಕೆಯೇ ಆಗಬಹುದಿತ್ತೇನೋ. ಅದು ನಮಗಿಬ್ಬರಿಗೂ ಎಂದೆಂದಿಗೂ ಗೊತ್ತಾಗುವುದಿಲ್ಲ. ಆದರೂ ಊಟದ ದಿನ ನಡೆದದ್ದನ್ನೆಲ್ಲ ಹೇಳಿಬಿಟ್ಟೆ.



"ಹಂಗಾದ್ರ ನನ್ನ ಓಟು ಆಕಿಗೇರಿ" ಎಂದವರೇ ಶ್ರೀಪತಿ ಫೋನಿಟ್ಟುಬಿಟ್ಟರು.