ಬಿಸಿ ಬುಗುರಿ

ನಮ್ಮ ಚನ್ನಪಟ್ಟಣದ ಮನೆಯಲ್ಲಿ ಮರ ಕಡೆಯುವ ಲೇತ್ ಮುಂದೆ ಕೂರುವವಳು ನಾನು, ಫೋನ್ ಹಿಡಿಯುವವರು ನಮ್ಮ ಯಜಮಾನರು. ನಾನು ಕಡೆದ ಬುಗುರಿ, ಗಿಲಕಿಗಳ ಫೋಟೋ ತೆಗೆದು ಮಾರಾಟದ ಆ್ಯಪ್‌ಗೆ ಹಾಕುತ್ತಿದ್ದರು. ನಮಗೆ ಬರುತ್ತಿದ್ದ ಆರ್ಡರೆಲ್ಲ ಅಲ್ಲಿಂದಲೇ. ಹೋದ ವರ್ಷ ಒಂದು ಬೆಳಿಗ್ಗೆ ನೋಡಿದರೆ ಪ್ರತಿ ಫೋಟೋದ ಕೆಳಗೂ ಕೆಂಪು ಪಟ್ಟಿ: 'ಈ ಚಿತ್ರ ಕೃತಕ ಬುದ್ಧಿಮತ್ತೆಯಿಂದ ತಯಾರಾದದ್ದು. ಎಚ್ಚರ.'

ಎಚ್ಚರವಂತೆ! ಅಪ್ಪನ ಪಕ್ಕ ಕೂತು ಉಳಿ ಹಿಡಿದವಳು ನಾನು. ತಿರುಗುವ ಮರಕ್ಕೆ ಬಣ್ಣದ ಅರಗಿನ ಕಡ್ಡಿ ಒತ್ತಿದರೆ ಆ ಉಜ್ಜಾಟದ ಬಿಸಿಗೇ ಕರಗಿ ಬಣ್ಣ ಹಿಡಿಯುತ್ತದೆ. ಮೇಲೆ ತಾಳೆಗರಿ ಹಿಡಿದರೆ ಮುಖ ಕಾಣುವಷ್ಟು ಹೊಳಪು. ಸಾಲಾಗಿ ಇಟ್ಟರೆ ಯಾವುದು ಯಾವುದೆಂದು ಮಾಡಿದವರಿಗೇ ತಿಳಿಯಬಾರದು, ಅದು ಅಪ್ಪನ ಹಟ. ಈಗ ನನ್ನದೂ ಅದೇ.

ಆ್ಯಪ್‌ನವರಿಗೆ ದೂರು ಕೊಟ್ಟೆವು. ಕಣ್ಣು ಮಿಟುಕಿಸುವಷ್ಟರಲ್ಲಿ ಉತ್ತರ ಬಂತು. ಅದನ್ನು ಬರೆದದ್ದೂ ಕಂಪ್ಯೂಟರೇ. ಮರದ ಗೆರೆ ಕಾಣುತ್ತಿಲ್ಲ, ಎಲ್ಲವೂ ಒಂದೇ ಥರ ಇವೆ, ಆದ್ದರಿಂದ ನಿಜವಾದ ವಸ್ತುಗಳಲ್ಲ ಎಂದಿತ್ತು. ನನಗೆ ಮೈಯೆಲ್ಲ ಉರಿದುಹೋಯಿತು.

ಆರ್ಡರ್ ನಿಂತವು. ಮರಳವಾಡಿ ಕಡೆಯ ಶಾಲೆಯ ಮೇಡಂ ಒಬ್ಬರು ಮಕ್ಕಳಿಗೆಂದು ಬುಗುರಿ ಹೇಳಿದ್ದರು. ಅವರೂ ಫೋನ್ ಮಾಡಿ ಬೇಡ ಎಂದರು.

"ಬೇಜಾರ್ ಮಾಡ್ಕೋಬೇಡಿ. ಅಲ್ಲೇ ಬರ್ದೈತಲ್ಲ, ಅದು ಸುಳ್ಳು ಹೇಳ್ತದಾ?"

"ಹಂಗಾರೆ ನಾನ್ ಹೇಳ್ತೀನಾ ಮೇಡಂ?"

ಅವರು ಫೋನ್ ಇಟ್ಟುಬಿಟ್ಟರು.

ಯಜಮಾನರು ತಲೆ ಕೆಡಿಸಿಕೊಂಡು ಒಂದು ಉಪಾಯ ಹುಡುಕಿದರು. "ಒಸಿ ಸೊಟ್ಟ ಮಾಡ್ಬುಡೇ. ಅಲ್ಲೊಂದು ಇಲ್ಲೊಂದು ಗೀರು ಹಾಕು. ಆಗ ಮನುಷ್ರು ಮಾಡಿದ್ದು ಅಂತ ನಂಬ್ತದೆ."

"ಅದು ನಂಬ್ಲಿ ಅಂತ ನನ್ ಕೆಲ್ಸ ನಾನೇ ಕೆಡಿಸ್ಕೋಬೇಕಾ? ಅದ್ರ ಮನೆ ಹಾಳಾಗ!"

"ಮತ್ತೆ ಹೊಟ್ಟೆಗೇನೇ ಮಾಡದು?"

ಆ ಮಾತಿಗೆ ನನಗೂ ಹೆದರಿಕೆ ಆಯಿತು. ಆದರೆ ಸೊಟ್ಟ ಬುಗುರಿ ಮಾತ್ರ ಈ ಕೈಯಿಂದ ಬರುವುದಿಲ್ಲ. "ಹಿಡೀರಿ ಆ ಕಡೆ" ಎಂದೆ. ಗೊಣಗುತ್ತಲೇ ಹಿಡಿದರು. ಹಿಂದಿನ ಕೋಣೆಯಲ್ಲಿದ್ದ ಲೇತನ್ನು ಎಳೆದು ತಂದು ಬೀದಿ ಜಗಲಿಯ ಮೇಲೆ ಕೂರಿಸಿದೆವು. ನೋಡುವವರು ನೋಡಲಿ, ಮುಟ್ಟುವವರು ಮುಟ್ಟಲಿ. ಆಮೇಲೆ ಮೇಡಂಗೆ ನಾನೇ ಫೋನ್ ಮಾಡಿ, "ತಗೊಳ್ಳದು ಬ್ಯಾಡ, ಬಂದು ನೋಡಿ ಸಾಕು" ಎಂದೆ.

ಭಾನುವಾರ ಮೇಡಂ ಕೆಂಗಲ್ ಆಂಜನೇಯನ ದರ್ಶನ ಮುಗಿಸಿಕೊಂಡು ಬಂದರು. ಕೈಕಟ್ಟಿ ನಿಂತರು. ಕಡೆದೆ, ಅರಗು ಒತ್ತಿದೆ, ಗರಿ ಹಿಡಿದೆ, ಬುಗುರಿಯನ್ನು ಬಿಡಿಸಿ ಅವರ ಅಂಗೈಗೆ ಹಾಕಿದೆ.

"ಅಯ್ಯಯ್ಯೋ, ಬಿಸಿ!"

"ಹ್ಞೂಂ ಮೇಡಂ, ಈಗ್ತಾನೆ ಆಗೈತೆ."

ಅವರ ಮುಖ ಸಣ್ಣದಾಯಿತು. ಅದನ್ನು ಅಂಗೈಯಲ್ಲಿಟ್ಟುಕೊಂಡೇ ಫೋಟೋ ತೆಗೆದರು. ಇದು ನಿಜವೆಂದು ತಾವೇ ಆ ಆ್ಯಪ್‌ನಲ್ಲಿ ಬರೆಯುವುದಾಗಿ ಹೇಳಿದರು. ಬೇಡವೆಂದಿದ್ದ ಬುಗುರಿಗಳಿಗೂ ಮತ್ತೆ ಆರ್ಡರ್ ಕೊಟ್ಟು ಹೋದರು.

ಮರುದಿನವೇ ಮೇಡಂ ಫೋನ್. ಕೂಗಾಟ. "ನೋಡ್ರೀ, ನಾನ್ ಹಾಕಿದ್ ಫೋಟೋಗೂ ಅದೇ ಕೆಂಪು ಪಟ್ಟಿ! ನನ್ ಕೈ ಕಾಣ್ತೈತೆ, ನನ್ ಬಳೆ ಕಾಣ್ತೈತೆ! ನಾನೇನು ಸುಳ್ಳಾ?"

ಜಗಲಿಯಲ್ಲಿ ಲೇತ್ ತಿರುಗುತ್ತಲೇ ಇತ್ತು.

"ಅಲ್ಲೇ ಬರ್ದೈತಲ್ಲ ಮೇಡಂ, ಅದು ಸುಳ್ಳು ಹೇಳ್ತದಾ?" ಎಂದೆ.