ಮೋರ್ಯರ ಮನೆಯೊಳಗಿನ ಮಡಕೆ

ಕೊಪ್ಪಳದಲ್ಲಿ ರೈಲು ಇಳಿದಾಗ ಬಿಸಿಲು ಆಗಲೇ ಚುರುಗುಟ್ಟುತ್ತಿತ್ತು. ನಿಲ್ದಾಣದ ಎದುರು ಒಗ್ಗರಣೆ ಮಂಡಕ್ಕಿ, ಮಿರ್ಚಿ ತಿಂದು ಟಿವಿ ವಾಹಿನಿಯ ತಂಡದೊಂದಿಗೆ ಜೀಪಿನಲ್ಲಿ ಗಂಗಾವತಿಯ ದಾರಿ ಹಿಡಿದೆವು. ಉತ್ಖನನದ ಕೆಲಸ ಬಿಟ್ಟು ಟಿವಿಯಲ್ಲಿ ಹಳೆಯ ಕಾಲದ ಕಥೆ ಹೇಳತೊಡಗಿ ನನಗೆ ಹಲವು ವರ್ಷಗಳಾಗಿವೆ. ನಿರ್ದೇಶಕ ಸುಹಾಸನ ಜೊತೆ ಮಾತ್ರ ಇದು ಮೊದಲ ಪ್ರಯಾಣ. "ಮೇಡಂ, ಈ ಸಲ ಏನಾದರೂ ಸಿಕ್ಕೇ ಸಿಗುತ್ತೆ" ಎಂದು ಅವನು ದಾರಿಯುದ್ದಕ್ಕೂ ಹೇಳುತ್ತಿದ್ದ. ಸಿಗುವುದನ್ನು ಮೊದಲೇ ಬಲ್ಲವರನ್ನು ಕಂಡರೆ ನನಗೆ ಅನುಮಾನ.

ಗಂಗಾವತಿ ಹತ್ತಿರವಾದಂತೆ ಎರಡೂ ಬದಿ ಭತ್ತದ ಗದ್ದೆ, ಗಾಳಿಯಲ್ಲಿ ರೈಸ್ ಮಿಲ್ಲುಗಳ ತೌಡಿನ ವಾಸನೆ. ಊರಿಗೆ ಮುಂಚೆಯೇ ಮಣ್ಣುದಾರಿಗೆ ತಿರುಗಿ ಗುಡ್ಡದ ಬುಡದಲ್ಲಿ ಜೀಪು ನಿಲ್ಲಿಸಿದೆವು. ಮೇಲೆ ಬಂಡೆಗಳ ನಡುವೆ, ಚಪ್ಪಡಿಗಳನ್ನು ನಿಲ್ಲಿಸಿ ಮೇಲೊಂದು ಹೊದಿಸಿದ ಪುರಾತನ ಗೋರಿಗಳಿವೆ. ಇಲ್ಲಿಯವರು ಅವನ್ನು ಮೋರ್ಯರ ಮನೆ ಎನ್ನುತ್ತಾರೆ.

ಪಕ್ಕದ ಗದ್ದೆಯಲ್ಲಿ ಕಳೆ ಕೀಳುತ್ತಿದ್ದ ಹುಸೇನಬಿ ಎಂಬ ಹೆಂಗಸು ಕೆಸರುಗಾಲಲ್ಲೇ ಬಂದು ಅಡ್ಡ ನಿಂತರು.

"ಗುಡ್ಡದಾಗ ಏನ್ ಹುಡಕಾಕ ಬಂದೀರಿ?"

"ಟಿವಿಯವರಮ್ಮ. ನನ್ನನ್ನು ನೋಡಿರಬಹುದು."

"ನೋಡೀನ್ರಿ ಅಕ್ಕಾರ, ಅದಕ್ಕ ಕೇಳಾಕತ್ತೀನಿ. ನೀವು ಕಲ್ಲು ತೋರಿಸಿ ಹೋಗ್ತೀರಿ. ನಿಮ್ಮ ಹಿಂದ ನಿಧಿ ಐತಿ ಅಂತ ಹಾರಿ, ಗುದ್ದಲಿ ಹಿಡ್ಕೊಂಡು ಮಂದಿ ಬರ್ತಾರ."

ನಾವು ಮೇಲೆ ಹೊರಟೆವು. ಅವರು ನಮ್ಮ ಬೆನ್ನಿಗೇ ಗುಡ್ಡ ಹತ್ತಿದರು.

ಸುಹಾಸ ನೇರವಾಗಿ ಒಂದು ಗೋರಿಯ ಮುಂದೆ ಕ್ಯಾಮೆರಾ ಇಡಿಸಿದ. ಅಷ್ಟೊಂದು ಗೋರಿಗಳಲ್ಲಿ ಅದೇ ಏಕೆ? ಬಗ್ಗಿ ನೋಡಿದೆ. ಒಳಗೆ ಕಪ್ಪು-ಕೆಂಪು ಮಡಕೆಯೊಂದು ಅರ್ಧ ಹೂತುಕೊಂಡಿತ್ತು. ಇಂಥ ಗೋರಿಗಳಲ್ಲಿ ಸಿಗುವ ಬಗೆಯದೇ. ಮುಟ್ಟಿದೆ. ಸುತ್ತ ಇದ್ದದ್ದು ಗರಸು ಮಣ್ಣು. ಮಡಕೆಗೆ ಮೆತ್ತಿದ್ದು ಗದ್ದೆಯ ಕರಿಮಣ್ಣು, ಇನ್ನೂ ಹಸಿ.

"ಮೆಲ್ಲಗೆ ಎತ್ತಿ ಮೇಡಂ. ಮುಖದಲ್ಲಿ ಆಶ್ಚರ್ಯ ಕಾಣಲಿ."

"ಇದನ್ನು ಇಟ್ಟವರು ಯಾರು?"

ಅವನು ನಕ್ಕ. "ನಿನ್ನೆ ನಮ್ಮವರು ಜಾಗ ನೋಡೋಕೆ ಬಂದಿದ್ದರು. ಅಂಗಡಿ ಮಡಕೆ, ಯಾರಿಗೇನು ನಷ್ಟ?"

ಹುಸೇನಬಿ ನನ್ನ ಕೈಯನ್ನೇ ನೋಡುತ್ತಿದ್ದರು. ಎತ್ತದಿದ್ದರೆ ಈ ವಾಹಿನಿಯಲ್ಲಿ ನನಗೆ ಕೆಲಸವಿಲ್ಲ ಎಂಬುದು ಗೊತ್ತಿತ್ತು. ಆದರೂ ಕ್ಯಾಮೆರಾ ಕಡೆ ತಿರುಗಿ ಹೇಳಿದೆ: "ಇದು ಅಂಗಡಿಯ ಮಡಕೆ, ನಿನ್ನೆ ಇಟ್ಟದ್ದು. ಇಲ್ಲಿ ನಿಧಿಯಿಲ್ಲ. ಇದು ಸತ್ತವರನ್ನು ನೆನೆದು ಕಟ್ಟಿದ ಜಾಗ."

"ಇದು ಪ್ರಸಾರ ಆಗೋದಿಲ್ಲ" ಎಂದು ಸುಹಾಸ ಕ್ಯಾಮೆರಾ ನಿಲ್ಲಿಸಿದ. ಮಡಕೆ ಎತ್ತಿಕೊಂಡು ತಂಡದೊಂದಿಗೆ ಇಳಿದುಹೋದ. ಕೆಳಗೆ ಜೀಪು ಹೊರಟ ಸದ್ದು ಕೇಳಿತು.

ಹುಸೇನಬಿಯ ಮುಖ ಸಡಿಲಾಗಲಿಲ್ಲ. "ನನ್ನ ಮುಂದ ಹಿಂಗಂದ್ರಿ. ಟಿವಿಯಾಗ ಏನಂತೀರೋ!" ಸೆರಗಿನಲ್ಲಿ ಕೈ ಒರೆಸಿಕೊಂಡು ಫೋನು ತೆಗೆದರು. "ಇದರಾಗ ಇನ್ನೊಮ್ಮೆ ಹೇಳ್ರಿ. ಊರಾಗ ತೋರಸ್ತೀನಿ."

ಗೋರಿಯ ಮುಂದೆ ನಿಂತು ಮತ್ತೆ ಹೇಳಿದೆ. ಅವರು ಅದನ್ನು ಪೂರ್ತಿ ಕೇಳಿ ನೋಡಿದ ಮೇಲೆಯೇ ರಸ್ತೆಯವರೆಗೆ ಬಂದು ಬಸ್ಸು ನಿಲ್ಲುವ ಜಾಗ ತೋರಿಸಿದರು.

ಗಂಗಾವತಿಯ ಬಸ್ಸು ಹತ್ತಿ ಕಿಟಕಿಯಿಂದ ಹಿಂತಿರುಗಿ ನೋಡಿದೆ. ರಸ್ತೆಬದಿಯಲ್ಲಿ ನಾಲ್ಕಾರು ಜನ ಹುಸೇನಬಿಯ ಫೋನಿನ ಮೇಲೆ ಬಾಗಿದ್ದರು. ಬಸ್ಸು ಹೊರಡುವವರೆಗೂ ಆ ಫೋನಿನಿಂದ ನನ್ನ ದನಿ ನನಗೇ ಕೇಳುತ್ತಿತ್ತು.